ಹಣ್ಣಿನ ಹೂರಣದ ಸ್ಕೋನ್: ಎಲ್ಲವೂ ನೀರಿನ ಲೆಕ್ಕ

ಯೀಸ್ಟಿಲ್ಲದೆ ಉಬ್ಬಿಸಿ ಓವನ್ನಿನಲ್ಲಿ ಬೇಯಿಸುವ, ಪುಟ್ಟ ಬನ್ನಿನಂಥ ತಿನಿಸಾದ ಸ್ಕೋನ್ ಮಾಡುವ ವಿಧಾನವನ್ನು ಎಲ್ಲಿ ಓದಿದರೂ ಬೆಣ್ಣೆ ತಣ್ಣಗಿರಬೇಕು, ಹಿಟ್ಟನ್ನು ಹೆಚ್ಚು ನಾದಬಾರದು ಎಂಬ ಎರಡು ಎಚ್ಚರಿಕೆಗಳು ತಪ್ಪದೆ ಎದುರಾಗುತ್ತವೆ. ಎರಡೂ ನಿಜ. ಆದರೆ ಹಣ್ಣನ್ನು ಒಳಗಿಟ್ಟು ಬೇಯಿಸುವ ಸ್ಕೋನಿಗೆ ಇವೆರಡನ್ನೇ ನೆಚ್ಚಿಕೊಂಡರೆ ಸಾಲದು. ಬೆಣ್ಣೆಯೂ ನಾದುವಿಕೆಯೂ ಸರಿಯಾಗಿದ್ದು, ಹೊರಮೈ ಹೊಂಬಣ್ಣಕ್ಕೆ ತಿರುಗಿದ್ದರೂ, ಮುರಿದು ನೋಡಿದಾಗ ಹಣ್ಣಿನ ಸುತ್ತ ಬೇಯದ ಹಿಟ್ಟಿನ ಅಂಟು ಪದರವೊಂದು ಉಳಿದಿರುವುದು ತೀರ ಸಾಮಾನ್ಯ. ಅದಕ್ಕೆ ಕಾರಣ ಹಣ್ಣಿನೊಳಗಿನ ನೀರು. ಸ್ಟ್ರಾಬೆರಿಯ ತೂಕದಲ್ಲಿ ಶೇಕಡಾ 91ರಷ್ಟು ನೀರೇ ಇರುತ್ತದೆ. ಸೇಬಿನಲ್ಲಿ ಸುಮಾರು 86, ಬ್ಲೂಬೆರಿಯಲ್ಲಿ ಸುಮಾರು 84. ಅಂದರೆ 100 ಗ್ರಾಂ ಸ್ಟ್ರಾಬೆರಿಯನ್ನು ಹಿಟ್ಟಿಗೆ ಸೇರಿಸಿದರೆ, ಅಳೆದು ಹಾಕಿದ ಹಾಲಿನ ಜೊತೆಗೆ ಇನ್ನೂ 90 ಮಿಲಿಲೀಟರ್ ದ್ರವವನ್ನು ಲೆಕ್ಕವಿಲ್ಲದೆ ಸುರಿದ ಹಾಗಾಗುತ್ತದೆ. ಈ ನೀರನ್ನು ಮೊದಲೇ ಹೊರಗೆಳೆಯಬೇಕು, ಇಲ್ಲವೇ ಬೇಯುವ ತನಕ ಹಣ್ಣಿನೊಳಗೇ ಹಿಡಿದಿಡಬೇಕು. ಹಣ್ಣಿನ ಸ್ಕೋನಿನ ಕಸುಬೆಲ್ಲ ಇಷ್ಟರಲ್ಲೇ ಇದೆ ಎಂಬುದು ನನ್ನ ಅಭಿಪ್ರಾಯ.

ಸ್ಕೋನ್ ಮೂಲತಃ ಸ್ಕಾಟ್ಲೆಂಡಿನದು. ಮೊದಮೊದಲು ಅದನ್ನು ಓಟ್ಸ್ ಹಿಟ್ಟಿನಿಂದ ತಟ್ಟಿ, ಕಾದ ಕಬ್ಬಿಣದ ಹಂಚಿನ ಮೇಲೆ ಬೇಯಿಸುತ್ತಿದ್ದರು. 1843ರಲ್ಲಿ ಇಂಗ್ಲೆಂಡಿನ ರಸಾಯನತಜ್ಞ ಆಲ್‌ಫ್ರೆಡ್ ಬರ್ಡ್ ಬೇಕಿಂಗ್ ಪೌಡರನ್ನು ರೂಪಿಸಿದ ಮೇಲೆ, ಯೀಸ್ಟಿನ ಹಂಗಿಲ್ಲದೆ ಕೆಲವೇ ನಿಮಿಷಗಳಲ್ಲಿ ಉಬ್ಬುವ ತಿನಿಸುಗಳಿಗೆ ದಾರಿ ಸುಗಮವಾಯಿತು. ಇಂದಿನ ಸ್ಕೋನ್ ಆ ಸಾಲಿಗೆ ಸೇರಿದ್ದು. ಬ್ರಿಟನ್ನಿನ ಸ್ಕೋನ್ ದುಂಡಗಿದ್ದು ಸಕ್ಕರೆ, ಬೆಣ್ಣೆಗಳಲ್ಲಿ ಮಿತವಾಗಿರುತ್ತದೆ, ಏಕೆಂದರೆ ಜಾಮ್ ಮತ್ತು ಕೆನೆ ಅದಕ್ಕೆ ಹೊರಗಿನಿಂದ ಸೇರುತ್ತವೆ. (ಡೆವನ್‌ನವರು ಮೊದಲು ಕೆನೆ, ಕಾರ್ನ್‌ವಾಲ್‌ನವರು ಮೊದಲು ಜಾಮ್ ಎಂದು ಪಟ್ಟು ಹಿಡಿಯುವ ಜಗಳ ನಮಗೆ ಇಲ್ಲಿ ಬೇಡ.) ಅಮೆರಿಕದ ಸ್ಕೋನ್ ಸಾಮಾನ್ಯವಾಗಿ ತ್ರಿಕೋನಾಕಾರದ್ದು, ಬೆಣ್ಣೆ ಹೆಚ್ಚು, ಹಣ್ಣು ಒಳಗೇ ಇರುತ್ತದೆ. ನಾನಿಲ್ಲಿ ವಿವರಿಸುವುದು ಈ ಎರಡನೆಯ ಬಗೆಗೆ ಹತ್ತಿರವಾದದ್ದು. ಎರಡು ಪದರ ಹಿಟ್ಟಿನ ನಡುವೆ ಹೂರಣ ಹರಡಿ ಮಾಡುವಂಥದ್ದು.

ಎಂಟು ಸ್ಕೋನ್‌ಗಳಿಗೆ 300 ಗ್ರಾಂ ಮೈದಾ, 12 ಗ್ರಾಂ ಬೇಕಿಂಗ್ ಪೌಡರ್, 50 ಗ್ರಾಂ ಸಕ್ಕರೆ, ಅರ್ಧ ಟೀ ಚಮಚ ಉಪ್ಪು, 100 ಗ್ರಾಂ ತಣ್ಣನೆಯ ಬೆಣ್ಣೆ, ಒಂದು ಮೊಟ್ಟೆ ಮತ್ತು ಸುಮಾರು 100 ಮಿಲಿಲೀಟರ್ ತಣ್ಣನೆಯ ಹಾಲು ಬೇಕು. ಹಾಲಿನ ಬದಲು ತೆಳು ಕೆನೆಯನ್ನು ಬಳಸಿದರೆ ರುಚಿ ಇನ್ನೂ ದಟ್ಟವಾಗುತ್ತದೆ. ಚಮಚ, ಬಟ್ಟಲುಗಳ ಅಳತೆಯನ್ನು ಬಿಟ್ಟು ತೂಕದ ಅಳತೆಗೆ ಬರುವುದು ಒಳ್ಳೆಯದು. ಮೈದಾವನ್ನು ಬಟ್ಟಲಿಗೆ ಒತ್ತಿ ತುಂಬುವುದಕ್ಕೂ ಸಡಿಲವಾಗಿ ಸುರಿಯುವುದಕ್ಕೂ ಕಾಲು ಭಾಗದಷ್ಟು ವ್ಯತ್ಯಾಸ ಬರಬಹುದು, ಆ ವ್ಯತ್ಯಾಸವೇ ಹಿಟ್ಟನ್ನು ಒಣಗಿಸಲು ಅಥವಾ ಕೆಸರಾಗಿಸಲು ಸಾಕು. ಮೈದಾದಲ್ಲಿ ಪ್ರೋಟೀನ್ ಕಡಿಮೆಯಿದ್ದಷ್ಟೂ ಸ್ಕೋನ್ ಮೃದು. ಶೇಕಡಾ 9ರಿಂದ 10ರಷ್ಟಿದ್ದರೆ ಸರಿಹೋಗುತ್ತದೆ. ಬ್ರೆಡ್ಡಿಗೆಂದೇ ಮಾರುವ ಹಿಟ್ಟು ಇಲ್ಲಿ ಬೇಡ.

ಬೆಣ್ಣೆಯ ವಿಷಯಕ್ಕೆ ಬಂದರೆ, ಅದು ತಣ್ಣಗಿರಬೇಕಾದ ಕಾರಣ ತಿಳಿದಿದ್ದರೆ ಕೈ ತಾನಾಗಿಯೇ ಎಚ್ಚರದಿಂದ ಕೆಲಸ ಮಾಡುತ್ತದೆ. ಬೆಣ್ಣೆ ಸುಮಾರು 32ರಿಂದ 35 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕರಗುತ್ತದೆ, ಅಂಗೈಯ ಶಾಖ ಅದರ ಆಸುಪಾಸಿನಲ್ಲೇ ಇರುತ್ತದೆ. ಗಟ್ಟಿಯಾಗಿಯೇ ಉಳಿದ ಬೆಣ್ಣೆಯ ಚೂರುಗಳು ಓವನ್ನಿನಲ್ಲಿ ಕರಗುವಾಗ ಅವು ಇದ್ದ ಜಾಗ ಖಾಲಿಯಾಗುತ್ತದೆ, ಬೆಣ್ಣೆಯಲ್ಲಿರುವ ಶೇಕಡಾ 16ರಷ್ಟು ನೀರು ಆವಿಯಾಗಿ ಆ ಜಾಗವನ್ನು ಹಿಗ್ಗಿಸುತ್ತದೆ. ಪದರಗಳು ಹುಟ್ಟುವುದು ಹೀಗೆ. ಮೊದಲೇ ಕರಗಿದ ಬೆಣ್ಣೆ ಹಿಟ್ಟಿನೊಳಗೆ ಇಂಗಿಹೋಗಿ, ಸ್ಕೋನ್ ಮೇಲೇಳುವ ಬದಲು ಬದಿಗೆ ಹರಡುತ್ತದೆ. ಬೆಣ್ಣೆಯನ್ನು ಫ್ರೀಜರಿನಲ್ಲಿ ಗಟ್ಟಿಯಾಗಿಸಿ, ದೊಡ್ಡ ರಂಧ್ರದ ತುರಿಮಣೆಯಲ್ಲಿ ತುರಿದು, ಮೈದಾ, ಸಕ್ಕರೆ, ಉಪ್ಪು, ಬೇಕಿಂಗ್ ಪೌಡರುಗಳ ಮಿಶ್ರಣದಲ್ಲಿ ಬೆರಳ ತುದಿಯಿಂದ ಹೊರಳಿಸುವುದು ಅತ್ಯಂತ ಸುಲಭದ ದಾರಿ. ಅನಂತರ ಮೊಟ್ಟೆಯನ್ನು ಹಾಲಿನಲ್ಲಿ ಕದಡಿ, ಒಂದೆರಡು ಚಮಚದಷ್ಟನ್ನು ಉಳಿಸಿಕೊಂಡು, ಮಿಕ್ಕದ್ದನ್ನು ಸುರಿದು ಫೋರ್ಕಿನಿಂದ ಕಲಸಬೇಕು. ಒಣ ಹಿಟ್ಟು ಅಲ್ಲಲ್ಲಿ ಉಳಿದಿರುವಾಗಲೇ ಮಣೆಯ ಮೇಲೆ ಸುರಿದು, ಕೈಯಿಂದ ಒತ್ತಿ ಕೂಡಿಸಿ, ಮೂರು ನಾಲ್ಕು ಬಾರಿ ಮಡಿಸಿದರೆ ಸಾಕು. ಅದಕ್ಕಿಂತ ಹೆಚ್ಚು ನಾದಿದರೆ ಹಿಟ್ಟಿಗೆ ಜಿಗುಟು ಕೊಡುವ ಪ್ರೋಟೀನ್ ಜಾಲವಾದ ಗ್ಲುಟೆನ್ ಬಿಗಿಗೊಂಡು ಸ್ಕೋನ್ ರಬ್ಬರಿನಂತಾಗುತ್ತದೆ.

ಇನ್ನು ಹೂರಣ. ನನ್ನ ಆಯ್ಕೆ ಯಾವತ್ತೂ ಸೇಬು, ಅದರಲ್ಲೂ ಹುಳಿಯಾದ ಸೇಬು. ಅದರ ತಿರುಳು ಬೆಂದರೂ ತನ್ನ ಆಕಾರವನ್ನು ತಕ್ಕಮಟ್ಟಿಗೆ ಉಳಿಸಿಕೊಳ್ಳುತ್ತದೆ, ಜಾಮನ್ನು ಗಟ್ಟಿಯಾಗಿಸುವ ಪೆಕ್ಟಿನ್ ಎಂಬ ವಸ್ತು ಅದರಲ್ಲಿ ಧಾರಾಳವಾಗಿರುವುದರಿಂದ ರಸ ತಾನಾಗಿಯೇ ಗಟ್ಟಿಯಾಗುತ್ತದೆ, ಹುಳಿ ಬೆಣ್ಣೆಯ ಜಿಡ್ಡನ್ನು ಹದಕ್ಕೆ ತರುತ್ತದೆ. ಎರಡು ಮಧ್ಯಮ ಗಾತ್ರದ ಸೇಬುಗಳ ಸಿಪ್ಪೆ ತೆಗೆದು, ಒಂದು ಸೆಂಟಿಮೀಟರ್ ಅಳತೆಯ ತುಂಡುಗಳಾಗಿ ಹೆಚ್ಚಿ, 40 ಗ್ರಾಂ ಸಕ್ಕರೆ, ಒಂದು ದೊಡ್ಡ ಚಮಚ ನಿಂಬೆರಸ ಮತ್ತು ಚಿಟಿಕೆ ದಾಲ್ಚಿನ್ನಿ ಪುಡಿಯೊಂದಿಗೆ ಅಗಲವಾದ ಬಾಣಲೆಯಲ್ಲಿ ಬೇಯಿಸಬೇಕು. ಬಾಣಲೆ ಅಗಲವಾಗಿರಬೇಕಾದದ್ದು ಆವಿ ಬೇಗ ಹೋಗಲೆಂದು. ಕಿರಿದಾದ ಪಾತ್ರೆಯಲ್ಲಿ ಹಣ್ಣು ತನ್ನದೇ ರಸದಲ್ಲಿ ಬೆಂದು ಪೇಸ್ಟಿನಂತಾಗುತ್ತದೆ. ಹತ್ತು ನಿಮಿಷಗಳಲ್ಲಿ ರಸ ಇಂಗುತ್ತಾ ಬಂದಾಗ, ಒಂದು ಟೀ ಚಮಚ ಕಾರ್ನ್‌ಫ್ಲೋರನ್ನು ಸ್ವಲ್ಪ ತಣ್ಣೀರಿನಲ್ಲಿ ಕದಡಿ ಸೇರಿಸಿ, ಒಂದು ನಿಮಿಷ ಕುದಿಸಬೇಕು. ಕುದಿಯುವ ತನಕ ಕಾಯದೆ ಇಳಿಸಿದರೆ ಪಿಷ್ಟದ ಕಣಗಳು ಪೂರ್ತಿ ಹಿಗ್ಗುವುದಿಲ್ಲ, ಹಸಿ ರುಚಿಯೂ ಹೋಗುವುದಿಲ್ಲ. ಚಮಚದಿಂದ ಬಾಣಲೆಯ ತಳದಲ್ಲಿ ಗೆರೆ ಎಳೆದಾಗ ಆ ಗೆರೆ ಒಂದೆರಡು ಕ್ಷಣ ಮುಚ್ಚಿಕೊಳ್ಳದೆ ನಿಂತರೆ ಹೂರಣ ಹದಕ್ಕೆ ಬಂದಿದೆ ಎಂದರ್ಥ. ಆಮೇಲೆ ಅದನ್ನು ತಟ್ಟೆಯಲ್ಲಿ ಹರಡಿ ಪೂರ್ತಿ ತಣ್ಣಗಾಗಿಸಬೇಕು. ಬೆಚ್ಚಗಿನ ಹೂರಣವನ್ನು ಹಿಟ್ಟಿನ ಮೇಲಿಟ್ಟರೆ ಅಲ್ಲಿಯವರೆಗೆ ಜತನದಿಂದ ಕಾಪಾಡಿದ ಬೆಣ್ಣೆ ಒಳಗಿನಿಂದಲೇ ಕರಗತೊಡಗುತ್ತದೆ. ಹಿಂದಿನ ರಾತ್ರಿಯೇ ಹೂರಣ ಮಾಡಿ ಫ್ರಿಜ್ಜಿನಲ್ಲಿಡುವುದು ಎಲ್ಲಕ್ಕಿಂತ ಮೇಲು.

ಚೆರಿ, ಏಪ್ರಿಕಾಟ್, ಪ್ಲಮ್, ಅನಾನಸ್ ಹಣ್ಣುಗಳಿಗೂ ಇದೇ ಕ್ರಮ ಒಪ್ಪುತ್ತದೆ. ಅನಾನಸ್ ಮಾತ್ರ ನಾರು ಬಿಡುವುದರಿಂದ ಸಣ್ಣಗೆ ಹೆಚ್ಚಬೇಕು. ಸ್ಟ್ರಾಬೆರಿಯನ್ನು ಹಸಿಯಾಗಿ ತುಂಬುವುದನ್ನು ನಾನು ಒಪ್ಪುವುದಿಲ್ಲ. ನೋಡಲು ಚೆಂದವಿರಬಹುದು, ಆದರೆ ಶಾಖ ತಗುಲಿದೊಡನೆ ಅದು ರಸವನ್ನೆಲ್ಲ ಬಿಟ್ಟುಕೊಟ್ಟು, ಬಣ್ಣಗೆಟ್ಟ ಮೆತ್ತನೆಯ ತಿರುಳಾಗಿ ಉಳಿಯುತ್ತದೆ. ಕುದಿಸಿ ಅರ್ಧಕ್ಕಿಳಿಸಿದರೆ ಅದೇ ಹಣ್ಣಿನ ಪರಿಮಳ ಇಮ್ಮಡಿಯಾಗುತ್ತದೆ. ಅಂಗಡಿಯ ಜಾಮ್ ಬಳಸಬಹುದೇ ಎಂದರೆ, ಬಳಸಬಹುದು, ಆದರೆ ತೆಳ್ಳಗೆ ಹರಡಬೇಕು; ಸಕ್ಕರೆ ಹೆಚ್ಚಿರುವ ಜಾಮ್ ಓವನ್ನಿನಲ್ಲಿ ಮತ್ತೆ ನೀರಾಗಿ ಅಂಚಿನಿಂದ ಹರಿದು, ತಟ್ಟೆಯ ಮೇಲೆ ಕರಕಾಗುತ್ತದೆ.

ಬ್ಲೂಬೆರಿಯಂಥ ಸಣ್ಣ ಹಣ್ಣುಗಳು ಬೇರೆಯೇ ಬಗೆಯವು. ಸಿಪ್ಪೆ ಒಡೆಯದಿದ್ದರೆ ಅವು ತಮ್ಮ ನೀರನ್ನು ತಾವೇ ಹಿಡಿದಿಟ್ಟುಕೊಳ್ಳುತ್ತವೆ, ಹಾಗಾಗಿ ಇಡಿಯಾಗಿ, ಹಸಿಯಾಗಿ ಬಳಸಬಹುದು. ತೊಳೆದ ಮೇಲೆ ಬಟ್ಟೆಯಲ್ಲಿ ಹರಡಿ ಚೆನ್ನಾಗಿ ಆರಿಸಬೇಕು. ಮೊದಲೇ ಸಕ್ಕರೆ ಬೆರೆಸಿ ಇಡುವುದಂತೂ ಬೇಡವೇ ಬೇಡ, ಏಕೆಂದರೆ ಸಕ್ಕರೆ ಹಣ್ಣಿನ ರಸವನ್ನು ಹೊರಗೆಳೆಯುತ್ತದೆ. ಫ್ರೀಜರಿನಲ್ಲಿಟ್ಟ ಹಣ್ಣಾದರೆ ಕರಗಲು ಬಿಡದೆ ನೇರವಾಗಿ ಹಾಕಬೇಕು. ಹೆಪ್ಪುಗಟ್ಟುವಾಗ ಮಂಜಿನ ಹರಳುಗಳು ಹಣ್ಣಿನ ಕೋಶಗಳನ್ನು ಸೀಳಿರುತ್ತವೆ, ಕರಗಿದೊಡನೆ ರಸವೆಲ್ಲ ಹೊರಗೆ ಬರುತ್ತದೆ; ಗಟ್ಟಿಯಾಗಿಯೇ ಹಾಕಿದರೆ ಆ ಹೊತ್ತಿಗೆ ಹಿಟ್ಟು ಬೇಯಲು ತೊಡಗಿ ರಸವನ್ನು ಹೀರಿಕೊಳ್ಳಲು ಸಿದ್ಧವಾಗಿರುತ್ತದೆ. ಹಣ್ಣಿನ ಸುತ್ತ ಹಿಟ್ಟು ಹಸಿರು ಛಾಯೆಗೆ ತಿರುಗುವುದನ್ನು ಕಂಡು ಗಾಬರಿಯಾಗುವವರಿದ್ದಾರೆ. ಅದು ಬೂಷ್ಟಲ್ಲ. ಬ್ಲೂಬೆರಿಯ ಬಣ್ಣಕ್ಕೆ ಕಾರಣವಾದ ಆಂಥೋಸಯನಿನ್ ಆಮ್ಲದಲ್ಲಿ ಕೆಂಪಾಗಿಯೂ ಕ್ಷಾರದಲ್ಲಿ ನೀಲಿ, ಹಸಿರಾಗಿಯೂ ಕಾಣುವ ವಸ್ತು. ಅಡಿಗೆ ಸೋಡಾ ಹೆಚ್ಚಾದಲ್ಲಿ ಈ ಬದಲಾವಣೆ ಎದ್ದುಕಾಣುತ್ತದೆ. ತಿನ್ನಲು ಅಡ್ಡಿಯಿಲ್ಲ, ಆದರೆ ಹಾಲಿನ ಬದಲು ಮಜ್ಜಿಗೆ ಬಳಸುವವರು ಸೋಡಾವನ್ನು ಕಾಲು ಟೀ ಚಮಚಕ್ಕೆ ಮಿತಿಗೊಳಿಸಿ, ಬೇಕಿಂಗ್ ಪೌಡರನ್ನು ಒಂದು ಟೀ ಚಮಚದಷ್ಟು ಇಳಿಸುವುದು ಲೇಸು.

ಒಣಹಣ್ಣುಗಳಲ್ಲಿ ಲೆಕ್ಕ ತಿರುಗುಮುರುಗು. ಒಣದ್ರಾಕ್ಷಿಯಲ್ಲಿ ಶೇಕಡಾ 15ರಷ್ಟು ನೀರಷ್ಟೇ ಇರುವುದರಿಂದ ಅದು ಹಿಟ್ಟಿನ ತೇವವನ್ನೇ ಹೀರುತ್ತದೆ. ಬೆಚ್ಚಗಿನ ನೀರಿನಲ್ಲಿಯೋ ಕಿತ್ತಳೆ ರಸದಲ್ಲಿಯೋ ಹತ್ತು ನಿಮಿಷ ನೆನೆಸಿ, ಬಸಿದು, ಒರೆಸಿ ಹಾಕಿದರೆ ಈ ತೊಂದರೆ ತೀರುತ್ತದೆ. ಹೊರಮೈಯಲ್ಲಿ ಇಣುಕುವ ದ್ರಾಕ್ಷಿ ಸುಟ್ಟು ಕಹಿಯಾಗುವುದರಿಂದ ಒಳಗೆ ಒತ್ತಿಬಿಡಬೇಕು.

ಕಟ್ಟುವ ಕೆಲಸ ಕಷ್ಟದ್ದಲ್ಲ. ಹಿಟ್ಟನ್ನು ಸರಿಯಾಗಿ ಎರಡು ಪಾಲು ಮಾಡಿ, ಒಂದೊಂದನ್ನೂ 18 ಸೆಂಟಿಮೀಟರ್ ಅಗಲದ, ಒಂದು ಸೆಂಟಿಮೀಟರ್ ದಪ್ಪದ ಬಿಲ್ಲೆಯಾಗಿ ತಟ್ಟಬೇಕು. ಒಂದರ ಮೇಲೆ ಹೂರಣವನ್ನು ಅಂಚಿನಲ್ಲಿ ಒಂದೂವರೆ ಸೆಂಟಿಮೀಟರ್ ಬಿಟ್ಟು ಹರಡಿ, ಅಂಚಿಗೆ ಹಾಲು ಸವರಿ, ಇನ್ನೊಂದನ್ನು ಮೇಲಿಟ್ಟು ಸುತ್ತಲೂ ಒತ್ತಬೇಕು. ಒಟ್ಟು ಹೂರಣ 200 ಗ್ರಾಂ ಮೀರದಿರಲಿ. ಧಾರಾಳತನ ತೋರಿಸಿದರೆ ಮೇಲಿನ ಪದರ ಜಾರಿ ಪಕ್ಕಕ್ಕೆ ವಾಲುತ್ತದೆ. ಹೀಗೆ ಕಟ್ಟಿದ್ದನ್ನು 20 ನಿಮಿಷ ಫ್ರೀಜರಿನಲ್ಲಿಟ್ಟು, ಹರಿತವಾದ ಉದ್ದನೆಯ ಚಾಕುವಿನಿಂದ ನೇರವಾಗಿ ಕೆಳಕ್ಕೊತ್ತಿ ಎಂಟು ತ್ರಿಕೋನಗಳಾಗಿ ಕತ್ತರಿಸಬೇಕು. ಗರಗಸದಂತೆ ಹಿಂದೆ ಮುಂದೆ ಎಳೆದರೆ ಪದರಗಳ ಅಂಚು ಒಂದಕ್ಕೊಂದು ಅಂಟಿಕೊಂಡು, ಸ್ಕೋನ್ ಏಳುವುದು ಕುಂಟುತ್ತದೆ. ಉಳಿಸಿಕೊಂಡ ಮೊಟ್ಟೆ–ಹಾಲನ್ನು ಮೇಲ್ಭಾಗಕ್ಕೆ ಮಾತ್ರ ಸವರಬೇಕು. ಬದಿಗೆ ಇಳಿದರೆ ಅದೂ ಅಂಟಿನ ಕೆಲಸವನ್ನೇ ಮಾಡುತ್ತದೆ.

ಹಣ್ಣಿಲ್ಲದ ಸ್ಕೋನನ್ನು 220 ಡಿಗ್ರಿಯಲ್ಲಿ 12ರಿಂದ 15 ನಿಮಿಷಗಳಲ್ಲಿ ಮುಗಿಸಬಹುದು. ಹೂರಣವಿರುವಾಗ ಶಾಖ ನಡುವಿಗೆ ತಲುಪಲು ಹೆಚ್ಚು ಹೊತ್ತು ಬೇಕಾಗುವುದರಿಂದ 200 ಡಿಗ್ರಿಗೆ ಇಳಿಸಿ, 22ರಿಂದ 25 ನಿಮಿಷ ಬೇಯಿಸುವುದು ಸೂಕ್ತ. ಫ್ಯಾನ್ ಇರುವ ಓವನ್ನಿನಲ್ಲಿ ಇನ್ನೂ 20 ಡಿಗ್ರಿ ಕಡಿಮೆ. ಓವನ್ ಮೊದಲೇ ಪೂರ್ತಿ ಕಾದಿರಬೇಕು. ಬೇಕಿಂಗ್ ಪೌಡರಿನ ಒಂದು ಪಾಲು ಹಾಲು ತಾಕಿದಾಗಲೇ ಅನಿಲ ಬಿಟ್ಟಿರುತ್ತದೆ, ಉಳಿದದ್ದು ಶಾಖಕ್ಕಾಗಿ ಕಾದಿರುತ್ತದೆ. ನಿಧಾನವಾಗಿ ಬಿಸಿಯೇರುವ ಓವನ್ನಿನಲ್ಲಿ ಪದರಗಳು ನಿಲ್ಲುವ ಮೊದಲೇ ಬೆಣ್ಣೆ ಕರಗಿ ಹರಿದುಬಿಡುತ್ತದೆ. ತ್ರಿಕೋನಗಳ ನಡುವೆ ಎರಡು ಬೆರಳಷ್ಟು ಅಂತರವಿದ್ದರೆ ಬದಿಯಲ್ಲಿ ಕಾಣುವ ಹೂರಣಕ್ಕೂ ಬಿಸಿಗಾಳಿ ತಾಗಿ ಅದು ಅಲ್ಲೇ ಗಟ್ಟಿಯಾಗುತ್ತದೆ. ಮೇಲಿನ ಬಣ್ಣವನ್ನು ನಂಬಬಾರದು, ಮೊಟ್ಟೆ ಸವರಿದ ಮೇಲ್ಮೈ ಬೇಗ ಕೆಂಪಾಗುತ್ತದೆ. ಒಂದನ್ನು ಎತ್ತಿ ತಳವನ್ನು ನೋಡಬೇಕು, ಅದೂ ಕಂದು ಬಣ್ಣಕ್ಕೆ ತಿರುಗಿರಬೇಕು. ಉಷ್ಣಮಾಪಕವಿದ್ದರೆ ಹಿಟ್ಟಿನ ಭಾಗ 95 ಡಿಗ್ರಿ ಮುಟ್ಟಿದೆಯೇ ಎಂದು ಪರೀಕ್ಷಿಸಬಹುದು.

ಹೊರತೆಗೆದ ಕೂಡಲೇ ತಿನ್ನುವ ಆಸೆಯನ್ನು ಹದಿನೈದು ನಿಮಿಷ ತಡೆಹಿಡಿಯುವುದು ಮೇಲು. ಸಕ್ಕರೆ ಬೆರೆತ ಹಣ್ಣು ಹಿಟ್ಟಿಗಿಂತ ಬಹಳ ಹೊತ್ತು ಬಿಸಿಯಾಗಿಯೇ ಇದ್ದು ನಾಲಿಗೆಯನ್ನು ಸುಡುತ್ತದೆ, ಅಲ್ಲದೆ ಆರುವಾಗಲೇ ಪಿಷ್ಟ ಮತ್ತು ಪೆಕ್ಟಿನ್ ಹೂರಣವನ್ನು ಬಿಗಿಗೊಳಿಸುತ್ತವೆ. ಮೇಲೆ ಸಕ್ಕರೆಯ ಐಸಿಂಗ್ ಸುರಿಯುವ ರೂಢಿ ನನಗೆ ಸೇರದು. ಒಳಗೆ ಹಣ್ಣಿರುವಾಗ ಹೊರಗೊಂದು ಸಿಹಿ ಹೊದಿಕೆ ಏಕೆ ಬೇಕೋ ತಿಳಿಯದು.

ಉಳಿದವುಗಳನ್ನು ಫ್ರಿಜ್ಜಿನಲ್ಲಿಡುವುದಕ್ಕಿಂತ ಫ್ರೀಜರಿನಲ್ಲಿಡುವುದು ಒಳ್ಳೆಯದು. ಫ್ರಿಜ್ಜಿನ ತಂಪಿನಲ್ಲಿ ಪಿಷ್ಟ ಬೇಗನೆ ಮರುಹರಳುಗಟ್ಟಿ ಸ್ಕೋನ್ ಒರಟಾಗುತ್ತದೆ. 160 ಡಿಗ್ರಿಯ ಓವನ್ನಿನಲ್ಲಿ ಏಳೆಂಟು ನಿಮಿಷ ಬಿಸಿಮಾಡಿದರೆ ಅದರ ಮೃದುತನ ಬಹುಮಟ್ಟಿಗೆ ಮರಳುತ್ತದೆ. ಮೈಕ್ರೋವೇವ್ ಮಾತ್ರ ಗರಿಯನ್ನು ಕೆಡಿಸುತ್ತದೆ. ಇದಕ್ಕಿಂತ ಜಾಣತನದ ದಾರಿಯೆಂದರೆ ಬೇಯಿಸುವ ಮುನ್ನವೇ ಕತ್ತರಿಸಿದ ತ್ರಿಕೋನಗಳನ್ನು ತಟ್ಟೆಯ ಮೇಲೆ ಬಿಡಿಬಿಡಿಯಾಗಿ ಹೆಪ್ಪುಗಟ್ಟಿಸಿ, ಗಾಳಿಯಾಡದ ಚೀಲದಲ್ಲಿ ಕಟ್ಟಿಡುವುದು. ಹಾಗೆ ಒಂದು ತಿಂಗಳವರೆಗೆ ಇಡಬಹುದು, ಬೇಕೆನಿಸಿದಾಗ ಬೇಕಾದಷ್ಟನ್ನೇ ತೆಗೆದು, ಕರಗಿಸದೆ, ಮೇಲೆ ಹಾಲು ಸವರಿ, ಮಾಮೂಲಿಗಿಂತ ನಾಲ್ಕೈದು ನಿಮಿಷ ಹೆಚ್ಚು ಬೇಯಿಸಿದರಾಯಿತು. ಇದಕ್ಕೆ ಬೇಯಿಸಿದ ಹೂರಣದ ಸ್ಕೋನ್‌ಗಳೇ ತಕ್ಕವು, ಹಸಿ ಹಣ್ಣಿನವು ಅಷ್ಟಾಗಿ ಒದಗಿಬರುವುದಿಲ್ಲ.