ಗಾಜಿನ ಹಂಚಿನ ಕೆಳಗೆ ನಾಲ್ಕು ನಿಮಿಷ

ಮಾರ್ಚಿನಲ್ಲಿ ಸಕಲೇಶಪುರದ ಕಡೆ ಸಿನಿಮಾ ತೆಗೆಯಲು ಬಂದವರು ಮೊದಲು ಕ್ಯಾಮೆರಾ ತಿರುಗಿಸುವುದೇ ಕಾಫಿ ಹೂವಿಗೆ. ಈ ನಿರ್ದೇಶಕ ಅತ್ತ ಕತ್ತೂ ಹೊರಳಿಸಲಿಲ್ಲ. ಐದು ಜನರ ತಂಡ, ಒಂದೇ 35 ಎಂಎಂ ಲೆನ್ಸು, ಬಾಡಿಗೆಯ ಲೈಟು ಒಂದೂ ಇಲ್ಲ. ಅವತ್ತು ಮುಗಿಸಬೇಕಿದ್ದದ್ದು ಒಂದೇ ದೃಶ್ಯ: ಹಳೇ ಹಂಚಿನ ಮನೆಯ ಅಡುಗೆಕೋಣೆಯಲ್ಲಿ ಅಜ್ಜಿ ಅಕ್ಕಿರೊಟ್ಟಿ ತಟ್ಟುತ್ತಾ ಮೊಮ್ಮಗನ ಜೊತೆ ಮಾತಾಡುವುದು.

ಬೆಳಕು ಅಂತ ಇದ್ದದ್ದು ಮಾಡಿನಲ್ಲಿ ಒಂದು ಗಾಜಿನ ಹಂಚು. ಅದರಿಂದ ಇಳಿಯುವ ಬಿಸಿಲುಕೋಲು ಒಲೆಯ ಹೊಗೆಯಲ್ಲಿ ಸೊಗಸಾಗಿ ಕಾಣುತ್ತದೆ, ಆದರೆ ಒಂದು ಕಡೆ ನಿಲ್ಲುವುದಿಲ್ಲ. ಸೂರ್ಯ ಗಂಟೆಗೆ 15 ಡಿಗ್ರಿ ಸರಿಯುತ್ತಾನೆ; ಮಾಡು 12-13 ಅಡಿ ಎತ್ತರವಿದ್ದರೆ ನೆಲದ ಮೇಲಿನ ಬಿಸಿಲು ಅಷ್ಟರಲ್ಲಿ ಮೂರು ಅಡಿ ಜರುಗಿರುತ್ತದೆ. ಅಜ್ಜಿಯದ್ದೊಂದು ಶಾಟು, ಹುಡುಗನದ್ದೊಂದು ಶಾಟು ಅಂತ ಒಡೆದು ತೆಗೆದರೆ ಎಡಿಟಿಂಗಿನಲ್ಲಿ ಬಿಸಿಲು ಅತ್ತಿತ್ತ ಕುಪ್ಪಳಿಸುತ್ತದೆ. ನಾಲ್ಕು ನಿಮಿಷದ ಒಂದೇ ಟೇಕು ಅಂತ ಆತ ಹಟ ಹಿಡಿದದ್ದು ಅದಕ್ಕೇ. ನೋಡಿದವರು ಆಮೇಲೆ ಶೈಲಿ ಅನ್ನುತ್ತಾರೆ, ಅನ್ನಲಿ.

ಮಸಿ ಹಿಡಿದ ಗೋಡೆ ಬೆಳಕನ್ನೆಲ್ಲ ನುಂಗಿ ಮುಖ ಕಪ್ಪಿಟ್ಟಿತ್ತು. ಬೆಳಕು ಮುಖಕ್ಕೆ ತಿರುಗಿಸಲು ಬಿಳಿ ಥರ್ಮಾಕೋಲ್ ಹಿಡಿದರೆ ಸ್ಟುಡಿಯೋದಲ್ಲಿ ಕೂತ ಹಾಗೆ ತೊಳೆದುಹೋಗುತ್ತದೆ. ಫ್ರೇಮನ್ನು ಸೊಂಟದಿಂದ ಮೇಲಕ್ಕಿಟ್ಟು, ಬಿಸಿಲು ಬೀಳುವಲ್ಲಿ ನೆಲಕ್ಕೆ ಹಳೇ ಪಂಚೆ ಹಾಸಿದರು. ಹಳೇದೇ ಆಗಬೇಕು, ನೀಲಿ ಅದ್ದಿದ ಪಂಚೆಯಿಂದ ಮುಖಕ್ಕೂ ನೀಲಿ ಹೊಡೆಯುತ್ತದೆ. ಕ್ಯಾಮೆರಾ ಬೆಳಕು ಹಿಡಿಯುವ ಸೂಕ್ಷ್ಮತೆ, ಅಂದರೆ ಐಎಸ್‌ಒ 1600, ಲೆನ್ಸಿನ ಕಿಂಡಿ, ಅಂದರೆ ಅಪರ್ಚರ್ 2.8, ಸೆಕೆಂಡಿಗೆ 25 ಫ್ರೇಮು, ಪ್ರತಿ ಫ್ರೇಮಿಗೆ ಶಟರ್ ತೆರೆದಿರುವುದು 1/50 ಸೆಕೆಂಡು. ನಮ್ಮ ಕರೆಂಟು 50 ಹರ್ಟ್ಜ್. ಶಟರ್ ಅದಕ್ಕೆ ಹೊಂದದಿದ್ದರೆ ಮೂಲೆಯ ಬಲ್ಬು ಮಿನುಗಬಹುದು. ಎಸರಿನ ಆವಿಗೆ ಲೆನ್ಸು ಮಂಜಾಗದಿರಲೆಂದು ಕ್ಯಾಮೆರಾವನ್ನು ಅರ್ಧ ಗಂಟೆ ಮೊದಲೇ ಒಳಗೆ ತಂದಿಟ್ಟಿದ್ದರು.

ನಿಜವಾದ ಫಜೀತಿ ಶಬ್ದದ್ದು. ಪಕ್ಕದ ರೋಬಸ್ಟಾ ಕಾಫಿ ತೋಟದಲ್ಲಿ ಹೂ ಬರಿಸಲು ಸ್ಪ್ರಿಂಕ್ಲರ್ ಹಾಕಿದ್ದರು, ಡೀಸೆಲ್ ಪಂಪು ಒಂದೇ ಸಮ ಗುಡುಗುಡು. ಹದ ಮೀರಿದರೆ ವರ್ಷದ ಫಸಲಿಗೇ ಪೆಟ್ಟು, ನಿಲ್ಲಿಸಿ ಅನ್ನುವ ಬಾಯಿ ಯಾರಿಗಿದೆ? ಪೈಪು ಬದಲಾಯಿಸುವಾಗ ಅರ್ಧ ಗಂಟೆ ಪಂಪು ನಿಲ್ಲುತ್ತದೆ ಅಂತ ತೋಟದ ಕೆಲಸ ನೋಡಿಕೊಳ್ಳುವ ರೈಟರ್ ಹೇಳಿದರು. ಬಿಸಿಲು ಒಲೆಯ ಹತ್ತಿರ ಇರುವುದು ಇಪ್ಪತ್ತು ನಿಮಿಷ. ಎರಡೂ ಕೂಡಿಬರುವ ಹೊತ್ತಿಗೇ ಶೂಟಿಂಗು.

ಫ್ರಿಜ್ಜಿನ ಸ್ವಿಚ್ ತೆಗೆದು, ಜೀಪಿನ ಕೀ ಅದರೊಳಗೇ ಇಟ್ಟರು. ಹೊರಡುವಾಗ ಕೀ ಹುಡುಕಲೇಬೇಕು, ಸ್ವಿಚ್ ಮರೆಯುವಂತಿಲ್ಲ.

ಅಜ್ಜಿಗೆ ಡೈಲಾಗಿನ ಕಾಗದ ಕೊಡಲಿಲ್ಲ. ಕ್ಯಾಮೆರಾ ನೋಡಬೇಡಿ ಅಂದರೆ ನೋಡೇ ನೋಡುತ್ತಾರೆ. ಕೈಗೆ ಕೆಲಸವಿದ್ದರೆ ಕಣ್ಣು ಅಲ್ಲೇ ಇರುತ್ತದೆ. ಮೊದಲ ಟೇಕಿಗೆ ಮೋಡ ಅಡ್ಡ ಬಂತು. ಎರಡನೆಯದರಲ್ಲಿ ಕೋಲಿನ ತುದಿಗೆ ಕಟ್ಟಿದ ಬೂಮ್ ಮೈಕಿನ ನೆರಳು ಪಂಚೆಯ ಮೇಲೆ ಬಿದ್ದು ಮುಖ ಮಂಕಾಯಿತು. ಮೂರನೆಯದರಲ್ಲಿ ಮಾತಿನ ಭರಕ್ಕೆ ರೊಟ್ಟಿ ಸೀದು, ಅಜ್ಜಿ ಬೈದುಕೊಂಡೇ ಮಗುಚಿದರು. ಆತ ಕಟ್ ಹೇಳಲಿಲ್ಲ. ಅದೇ ಉಳಿಯಿತು.

ಕೊನೆಗೆ ಕೋಣೆಯ ಬರೀ ಸದ್ದು ಒಂದು ನಿಮಿಷ ಬೇಕು; ಮಾತಿನ ನಡುವಿನ ಕತ್ತರಿ ಗುರುತು ಮುಚ್ಚುವುದು ಅದರಿಂದಲೇ. ಎಲ್ಲರೂ ಅಲ್ಲಾಡದೆ ನಿಂತೆವು. ನಲವತ್ತು ಸೆಕೆಂಡಾಗಿರಬೇಕು.

"ಯಾಕ್ರಪ್ಪಾ ಹಿಂಗೆ ಉಸಿರು ಕಟ್ಕಂಡ್ ನಿಂತಿದ್ದೀರಾ? ರೊಟ್ಟಿ ಆರೋಯ್ತವೆ, ಬನ್ನಿ."

ಮತ್ತೆ ಮೊದಲಿಂದ ಒಂದು ನಿಮಿಷ.