ಒಂದೇ ಹೆಸರು ಹತ್ತು ಸಲ ಇತ್ತು, ಐದನ್ನು ತೆಗೆದುಬಿಟ್ಟೆ

"ಸರ್, ನನ್ನ ಲೈಬ್ರರಿ ಹೋಯ್ತು" ಅಂತ ಪಿಎಚ್‌ಡಿ ಮಾಡುತ್ತಿದ್ದ ಹುಡುಗಿಯೊಬ್ಬಳು ನನ್ನ ಟೇಬಲ್ ಮುಂದೆ ಬಂದು ನಿಂತಳು. ನಾನು ಕೂತಿದ್ದೇ ಲೈಬ್ರರಿಯಲ್ಲಿ. ಒಂದು ವಿಶ್ವವಿದ್ಯಾಲಯದ ಗ್ರಂಥಾಲಯದ ಕಂಪ್ಯೂಟರ್‌ಗಳನ್ನು ನೋಡಿಕೊಳ್ಳುವ ಕೆಲಸ ನನ್ನದು. ನಗು ಬಂತು, ಅವಳ ಮುಖ ನೋಡಿ ನುಂಗಿಕೊಂಡೆ. ಪ್ರೀ-ಸಬ್ಮಿಷನ್ ಸೆಮಿನಾರ್‌ಗೆ ಇನ್ನು ಎರಡೇ ದಿನ ಇತ್ತು.

ಅವಳು ಹೇಳಿದ ಲೈಬ್ರರಿ ಬೇರೆ. ಓದಿದ ಲೇಖನ, ಪುಸ್ತಕಗಳ ವಿವರವನ್ನೆಲ್ಲ ಕೂಡಿಟ್ಟು, ವರ್ಡ್‌ನಲ್ಲಿ ಬರೆಯುವಾಗ ಉಲ್ಲೇಖ ಹಾಕಿಕೊಡುವ ಸಾಫ್ಟ್‌ವೇರ್‌ಗಳಿವೆಯಲ್ಲ, ಝೊಟೆರೊ, ಎಂಡ್‌ನೋಟ್ ಥರದವು, ಅದರೊಳಗಿನ ಸಂಗ್ರಹಕ್ಕೂ ಲೈಬ್ರರಿ ಅಂತಲೇ ಹೆಸರು. ಗೈಡ್ ಕೊನೇ ಗಳಿಗೆಯಲ್ಲಿ ಉಲ್ಲೇಖ ಎಪಿಎ ಶೈಲಿಯಲ್ಲಿ ಬೇಡ, ಎಂಎಲ್‌ಎ ಶೈಲಿಗೆ ಮಾಡು ಅಂದರೂ ಪಟ್ಟಿಯನ್ನು ಕೈಯಲ್ಲಿ ತಿದ್ದುವ ಗೋಳಿಲ್ಲ. ಅವಳು ಬಳಸುತ್ತಿದ್ದದ್ದು ಯಾವುದು ಅಂತ ಹೇಳಲ್ಲ, ಯಾಕಂದರೆ ತಪ್ಪು ಅದರದ್ದಲ್ಲ. ಹಳೆಯ 32 ಬಿಟ್ ಆವೃತ್ತಿ ಅನ್ನೋದಷ್ಟೇ ಇಲ್ಲಿ ಮುಖ್ಯ (ಕಂಪ್ಯೂಟರ್ ಒಂದು ಸಲಕ್ಕೆ ಎಷ್ಟು ಮಾಹಿತಿ ಹಿಡಿಯುತ್ತದೆ ಅನ್ನೋ ಲೆಕ್ಕ ಇದು, ಈಗಿನವು 64 ಬಿಟ್).

ಐಕಾನ್ ಒತ್ತಿದರೆ ಒಂದು ಡಬ್ಬಿ ಬರುತ್ತಿತ್ತು: ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ, ಪ್ರೋಗ್ರಾಂ ಮತ್ತೆ ಇನ್‌ಸ್ಟಾಲ್ ಮಾಡಿದರೆ ಸರಿಹೋಗಬಹುದು.

ಮೊದಲು ಮಾಡಿದ ಒಂದು ಕೆಲಸ ಮಾತ್ರ ನೆಟ್ಟಗಿತ್ತು. ಅವಳ ಡೇಟಾ ಫೋಲ್ಡರ್ ಹುಡುಕಿ ಪೆನ್‌ಡ್ರೈವ್‌ಗೆ ಕಾಪಿ ಮಾಡಿದೆ. ಸಂಗ್ರಹವೆಲ್ಲ ಅಲ್ಲೇ ಸುರಕ್ಷಿತವಾಗಿತ್ತು. ಇಂಥ ಸಾಫ್ಟ್‌ವೇರ್ ಡೇಟಾವನ್ನು ಬೇರೆ ಕಡೆ ಇಡುತ್ತದೆ. ಝೊಟೆರೊ ಆದರೆ ನಿಮ್ಮ ಯೂಸರ್ ಫೋಲ್ಡರ್‌ನಲ್ಲಿ ಝೊಟೆರೊ.ಎಸ್‌ಕ್ಯೂಲೈಟ್ ಅನ್ನೋ ಫೈಲು, ಪಕ್ಕದಲ್ಲಿ ಪಿಡಿಎಫ್‌ಗಳ ಸ್ಟೋರೇಜ್ ಫೋಲ್ಡರು. ಪ್ರೋಗ್ರಾಂ ತೆರೆಯದಿದ್ದರೂ ಇವು ಎಲ್ಲೂ ಹೋಗಲ್ಲ. "ನಿನ್ನ ಲೈಬ್ರರಿ ಇದೆಯಮ್ಮ, ಹೋಗಿರೋದು ಬೇರೆ ಲೈಬ್ರರಿ" ಅಂದೆ. ಅವಳಿಗೆ ಇನ್ನೂ ಗೊಂದಲ ಆಯಿತು.

ಆ ಬೇರೆ ಲೈಬ್ರರಿ ಏನು? ನಮ್ಮೂರಲ್ಲಿ ಮದುವೆ ಅಡುಗೆಗೆ ಬೇಕಾಗುವ ದೊಡ್ಡ ಕೊಪ್ಪರಿಗೆ, ಹಂಡೆಗಳನ್ನು ಯಾರೂ ಮನೆಯಲ್ಲಿ ಇಟ್ಟುಕೊಳ್ಳುತ್ತಿರಲಿಲ್ಲ. ಗುಡಿಯ ಕೋಣೆಯಲ್ಲಿ ಒಂದು ಸೆಟ್ ಇರುತ್ತಿತ್ತು. ಯಾರ ಮನೆಯಲ್ಲಿ ಮದುವೆಯೋ ಅವರು ತರುವುದು, ತೊಳೆದು ವಾಪಸ್ ಇಡುವುದು. ಡಿಎಲ್‌ಎಲ್, ಅಂದರೆ ಡೈನಮಿಕ್ ಲಿಂಕ್ ಲೈಬ್ರರಿ, ಹೆಚ್ಚುಕಮ್ಮಿ ಇದೇ. ಎಲ್ಲ ಪ್ರೋಗ್ರಾಂಗೂ ಬೇಕಾಗುವ ಸಾಮಾನ್ಯ ಕೋಡನ್ನು ಪ್ರತಿಯೊಂದೂ ಹೊತ್ತು ತರುವುದಿಲ್ಲ, ಒಂದು ಕಡೆ ಇಟ್ಟು ಹಂಚಿಕೊಳ್ಳುತ್ತವೆ. ಲಿನಕ್ಸ್‌ನಲ್ಲಿ ಇಂಥ ಫೈಲಿನ ಬಾಲ .ಎಸ್‌ಒ, ಮ್ಯಾಕ್‌ನಲ್ಲಿ .ಡೈಲಿಬ್.

ಮತ್ತೆ ಇನ್‌ಸ್ಟಾಲ್ ಮಾಡಿದೆ. ಅದೇ ಡಬ್ಬಿ. ಸರಿ, ವಿಂಡೋಸ್ ಇಂಥ ಫೈಲುಗಳನ್ನು ಇಡುವ ಸಿಸ್ಟಮ್32 ಫೋಲ್ಡರ್ ತೆರೆದು ನೋಡಿದೆ. ಫೈಲ್ ಅಲ್ಲೇ ಇದೆ! ಕಣ್ಣೆದುರು ಕೂತಿದೆ, ವಿಂಡೋಸ್ ಇಲ್ಲ ಅನ್ನುತ್ತಿದೆ. ಪ್ರೋಗ್ರಾಂ ಮೊದಲು ತನ್ನ ಸ್ವಂತ ಫೋಲ್ಡರ್‌ನಲ್ಲಿ ಹುಡುಕುತ್ತದೆ ಅಂತ ಗೊತ್ತಿತ್ತು. ಬುದ್ಧಿವಂತನ ಹಾಗೆ ಆ ಫೈಲನ್ನು ಅಲ್ಲಿಗೆ ಕಾಪಿ ಹೊಡೆದೆ. ಈಗ ಬೇರೆ ಡಬ್ಬಿ: 0ಎಕ್ಸ್‌ಸಿ000007ಬಿ.

ಈ ನಂಬರ್ ನೋಡಿದಾಗ ತಲೆಗೆ ಹೊಳೆಯಿತು. ಸಾಮಾನ್ಯವಾಗಿ ಇದು ಬರುವುದು 32 ಬಿಟ್ ಪ್ರೋಗ್ರಾಂಗೆ 64 ಬಿಟ್ ಫೈಲ್ ಸಿಕ್ಕಾಗ, ಇಲ್ಲವೇ ಅದರ ಉಲ್ಟಾ. ಇಲ್ಲೊಂದು ತಮಾಷೆ ಇದೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಅನ್ನೋ ಫೋಲ್ಡರ್‌ನಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್‌ನವು ಇರುವುದು ಸಿಸ್‌ವಾವ್64 ಅನ್ನೋದರಲ್ಲಿ. ಹೆಸರಿಟ್ಟವರನ್ನು ಏನು ಅನ್ನೋದು ಹೇಳಿ. 32 ಬಿಟ್ ಪ್ರೋಗ್ರಾಂ ಸಿಸ್ಟಮ್32 ಕೇಳಿದರೆ ವಿಂಡೋಸ್ ಸುಮ್ನೆ ಅದನ್ನು ಸಿಸ್‌ವಾವ್64ಗೆ ಕಳಿಸಿಬಿಡುತ್ತದೆ. ಅಲ್ಲಿ ಹೋಗಿ ನೋಡಿದೆ. ಆ ಫೈಲ್ ಇರಲಿಲ್ಲ.

ಯಾಕೆ ಇಲ್ಲ ಅಂತ ಯೋಚಿಸುತ್ತಿದ್ದ ಹಾಗೇ ಬೆನ್ನು ತಣ್ಣಗಾಯಿತು. ಎರಡು ವಾರದ ಹಿಂದೆ ನಾನೇ ಲ್ಯಾಬ್‌ನ 18 ಕಂಪ್ಯೂಟರ್‌ಗಳನ್ನು ಕ್ಲೀನ್ ಮಾಡಿದ್ದೆ. ಕಂಟ್ರೋಲ್ ಪ್ಯಾನೆಲ್‌ನಲ್ಲಿ ಮೈಕ್ರೋಸಾಫ್ಟ್ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಅಂತ ಒಂದೇ ಹೆಸರು ಹತ್ತು ಸಲ ಇತ್ತು. ಇಂಥ ಡಿಎಲ್‌ಎಲ್‌ಗಳನ್ನು ತಂದು ಹಾಕುವ ಪ್ಯಾಕೇಜುಗಳು ಅವು. 2008, 2010, 2012, 2013, ಆಮೇಲೆ 2015-2022. ಪ್ರತಿಯೊಂದಕ್ಕೂ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಅಂತ ಜೋಡಿ. ನಮ್ಮದು 64 ಬಿಟ್ ಮಷೀನ್ ತಾನೇ, 32 ಬಿಟ್‌ನವು ಯಾಕೆ ಅಂತ ಎಕ್ಸ್86 ಇದ್ದ ಐದನ್ನೂ ಕಿತ್ತು ಹಾಕಿದ್ದೆ. ಯಾರೂ ಕೇಳಿರಲಿಲ್ಲ, ನಾನೇ ಹುಮ್ಮಸ್ಸಿನಿಂದ ಮಾಡಿದ್ದು. ವರ್ಷಕ್ಕೊಂದು ಸಲವೂ ಉಪಯೋಗ ಇಲ್ಲ ಅಂತ ಗುಡಿಯ ಕೊಪ್ಪರಿಗೆಯನ್ನು ಗುಜರಿಗೆ ಹಾಕಿದ ಹಾಗೆ.

ಮಷೀನ್ 64 ಬಿಟ್ ಆದರೇನು, ಅದರ ಮೇಲೆ ಓಡುವ 32 ಬಿಟ್ ಪ್ರೋಗ್ರಾಂಗಳಿಗೆ 32 ಬಿಟ್ ಲೈಬ್ರರಿಯೇ ಬೇಕು. ಅಂಥವು ಈಗೆಲ್ಲಿವೆ ಅನ್ನಬೇಡಿ. ಝೊಟೆರೊ ಕೂಡ ವಿಂಡೋಸ್‌ನಲ್ಲಿ 64 ಬಿಟ್ ಆಗಿದ್ದು 2024ರಲ್ಲಿ ಬಂದ 7ನೇ ಆವೃತ್ತಿಯಲ್ಲಿ. 2008, 2010ರವು ಹಳೇ ಸಾಮಾನು ಅಂತಲೂ ತೆಗೆಯುವ ಹಾಗಿಲ್ಲ. 2015ರಿಂದ 2022ರವರೆಗಿನವಕ್ಕೆ ಒಂದೇ ಪ್ಯಾಕೇಜ್ ಸಾಕು, ಅದಕ್ಕೂ ಹಿಂದಿನವು ಒಂದಕ್ಕೊಂದು ಬದಲಿ ಅಲ್ಲ. ಲಿನಕ್ಸ್‌ನಲ್ಲಿ ಸಾಫ್ಟ್‌ವೇರ್ ಹಾಕಿ ತೆಗೆಯುವ ಎಪಿಟಿ ಅನ್ನೋ ಸಾಧನ ಬಳಸಿ ಒಂದು ಲೈಬ್ರರಿ ತೆಗೆಯಲು ಹೋದರೆ, ಇದರ ಜೊತೆ ಇಂತಿಂಥ ಪ್ರೋಗ್ರಾಂಗಳೂ ಹೋಗುತ್ತವೆ, ಸರಿನಾ ಅಂತ ಪಟ್ಟಿ ಕೊಟ್ಟು ಕೇಳುತ್ತದೆ. ಇಲ್ಲಿ ನನ್ನನ್ನು ಯಾರೂ ಕೇಳಲಿಲ್ಲ.

ರಿಪೇರಿಗೆ ಹತ್ತು ನಿಮಿಷ ಹಿಡಿಯಿತು. ಕಾಪಿ ಮಾಡಿದ್ದ ತಪ್ಪು ಫೈಲ್ ಅಳಿಸಿ, ಮೈಕ್ರೋಸಾಫ್ಟ್ ಸೈಟಿನಿಂದ ಎಕ್ಸ್86 ಪ್ಯಾಕೇಜ್ ತಂದು ಹಾಕಿದೆ. ಬಿಡಿ ಡಿಎಲ್‌ಎಲ್ ಫೈಲ್ ಹಂಚುವ ಸೈಟುಗಳು ಹುಡುಕಿದರೆ ಬೇಕಾದಷ್ಟು ಸಿಗುತ್ತವೆ. ಅವುಗಳ ಕಡೆ ತಲೆ ಹಾಕಬೇಡಿ. ಆ ಫೈಲಿನೊಳಗೆ ಯಾರು ಏನು ಸೇರಿಸಿದ್ದಾರೋ ನಿಮಗೆ ಗೊತ್ತಾಗಲ್ಲ, ಅದು ಓಡುವುದು ಮಾತ್ರ ನಿಮ್ಮ ಪ್ರೋಗ್ರಾಂ ಒಳಗೇ.

ಅವಳ ಪಟ್ಟಿ ಸ್ಕ್ರೀನ್ ಮೇಲೆ ಬಂತು. ಥ್ಯಾಂಕ್ಸ್ ಸರ್ ಅಂದಳು. ಕೆಡಿಸಿದವನೂ ನಾನೇ ಅಂತ ಆಗಲೇ ಹೇಳಿಬಿಟ್ಟೆ. ಮನಸ್ಸು ಹಗುರ ಆಯಿತು, ಮರ್ಯಾದೆ ಸ್ವಲ್ಪ ಹೋಯಿತು.

ಸಂಜೆ ಉಳಿದ 17 ಮಷೀನ್‌ಗಳ ಮುಂದೆ ಕೂತೆ. ಏಳರಲ್ಲಿ ಏನಾದರೊಂದು ಪ್ರೋಗ್ರಾಂ ತೆರೆಯುತ್ತಿರಲಿಲ್ಲ. ಎರಡು ವಾರದಲ್ಲಿ ಒಂದೇ ಒಂದು ಕಂಪ್ಲೇಂಟ್ ಬಂದಿರಲಿಲ್ಲ. ಹುಡುಗರು ಪಕ್ಕದ ಸೀಟಿಗೆ ಎದ್ದು ಹೋಗುತ್ತಿದ್ದರು, ಅಷ್ಟೇ. ಹನ್ನೊಂದನೇ ಮಷೀನಿನ ಮಾನಿಟರ್‌ಗೆ ಯಾರೋ ನೋಟ್‌ಬುಕ್ ಹಾಳೆ ಹರಿದು ಅಂಟಿಸಿದ್ದರು. "ಇದು ಸರಿ ಇಲ್ಲ, ಹನ್ನೆರಡಕ್ಕೆ ಹೋಗಿ" ಅಂತ ಪೆನ್ಸಿಲ್‌ನಲ್ಲಿ ಬರೆದಿತ್ತು. ಹನ್ನೆರಡನೆಯದನ್ನು ಆನ್ ಮಾಡಿ ನೋಡಿದೆ. ಅದೂ ಸರಿ ಇರಲಿಲ್ಲ.