ಟೆಲಿಮ್ಯಾಟಿಕ್ಸ್ ಬಾಕ್ಸೂ ಕಾಮ್ ಪೋರ್ಟ್ ಗೊಂದಲವೂ

ಗಾಡಿಯಿಂದ ಬಿಚ್ಚಿದ ಟೆಲಿಮ್ಯಾಟಿಕ್ಸ್ ಬಾಕ್ಸನ್ನ (ಗಾಡಿ ಎಲ್ಲಿ, ಹೇಗೆ ಓಡ್ತು ಅಂತ ದಾಖಲಿಸೋ ಪೆಟ್ಟಿಗೆ) ಲ್ಯಾಪ್‌ಟಾಪ್‌ಗೆ ಹಾಕಿದ್ರೆ ಟಿಂಗ್ ಅಂತ ಸೌಂಡ್ ಬರತ್ತೆ, ಆದ್ರೆ ಡೌನ್‌ಲೋಡ್ ಸಾಫ್ಟ್‌ವೇರ್ ಮಾತ್ರ ಡಿವೈಸೇ ಇಲ್ಲ ಅನ್ನತ್ತೆ, ಇದ್ರಲ್ಲಿ ಎರಡು ದಿನ ಒದ್ದಾಡಿದೀನಿ. ಸೌಂಡೇ ಬರ್ಲಿಲ್ಲ ಅಂದ್ರೆ ಮೊದ್ಲು ಕೇಬಲ್ ಬದಲಾಯಿಸಿ, ಬರೀ ಚಾರ್ಜಿಂಗ್ ಕೇಬಲಲ್ಲಿ ಡೇಟಾ ಬರಲ್ಲ.

ನಂದು ಕೇಬಲ್ ಅಲ್ಲ, ಕಾಮ್ ಪೋರ್ಟ್ ನಂಬರಿನ ಸಮಸ್ಯೆ, ಅಂದ್ರೆ ಸಾಫ್ಟ್‌ವೇರ್ ಸಾಧನವನ್ನ ಹುಡುಕೋ ವಿಳಾಸದ್ದು. ಎಷ್ಟೋ ಬಾಕ್ಸ್‌ಗಳ ಒಳಗೆ ಎಫ್‌ಟಿಡಿಐ, ಸಿಎಚ್340 ಥರದ ಯುಎಸ್‌ಬಿ-ಸೀರಿಯಲ್ ಚಿಪ್ (ಯುಎಸ್‌ಬಿಯನ್ನ ಹಳೇ ಥರದ ಸೀರಿಯಲ್ ಸಂಪರ್ಕಕ್ಕೆ ಜೋಡಿಸೋದು) ಇರತ್ತೆ, ವಿಂಡೋಸ್ ಅದಕ್ಕೊಂದು ಕಾಮ್ ಪೋರ್ಟ್ ನಂಬರ್ ಕೊಡತ್ತೆ, ಚಿಪ್‌ಗೆ ಸ್ವಂತ ಸೀರಿಯಲ್ ನಂಬರ್ ಇಲ್ದಿದ್ರೆ ಬೇರೆ ಸಾಕೆಟ್‌ಗೆ ಹಾಕಿದ ತಕ್ಷಣ ಇನ್ನೊಂದು ನಂಬರ್, ಸಾಫ್ಟ್‌ವೇರ್ ಪಾಪ ಹಳೇ ನಂಬರಲ್ಲೇ ಹುಡುಕ್ತಿರತ್ತೆ. ಡಿವೈಸ್ ಮ್ಯಾನೇಜರಲ್ಲಿ ಹಿಡನ್ ಡಿವೈಸಸ್ ಆನ್ ಮಾಡಿ, ಮಸುಕಾಗಿ ಕಾಣೋ ಹಳೇ ಎಂಟ್ರಿಗಳನ್ನ ತೆಗೀರಿ. ಡ್ರೈವರನ್ನೇ (ಚಿಪ್ಪನ್ನ ವಿಂಡೋಸ್ ಜೊತೆ ಮಾತಾಡಿಸೋ ಸಾಫ್ಟ್‌ವೇರ್) ಡಿಲೀಟ್ ಮಾಡೋ ಮುಂಚೆ ಅದೇ ಚಿಪ್ ಇರೋ ಬೇರೆ ಸಾಧನ ಇದೆಯಾ ನೋಡ್ಕೊಳ್ಳಿ, ಅದೂ ನಿಂತೋಗತ್ತೆ. ನಾನಂತೂ ಈಗ ಯಾವಾಗ್ಲೂ ಒಂದೇ ಸಾಕೆಟ್‌ಗೆ ಹಾಕೋದು.